ಗೆದ್ದ ಗುರುವಿಗೆ ತೆರೆಯದ ಬಾಗಿಲು

'ಗೆದ್ದವನು ಸೋತ, ಸೋತವನು ಸತ್ತ' ಎಂಬುದು ಕೋರ್ಟು ಕಚೇರಿಗಳ ಮೆಟ್ಟಿಲು ಹತ್ತಿಳಿದ ನಮ್ಮ ಜನರ ಅನುಭವದಿಂದ ಹುಟ್ಟಿದ ಮಾತು. ಹೊಲದ ಬದುವಿಗಾಗಿ, ಮನೆಯ ಗೋಡೆಗಾಗಿ ವ್ಯಾಜ್ಯ ಹೂಡಿದವರನ್ನು ಕಂಡು ಹಿರಿಯರು ಆಡಿದ ಈ ಗಾದೆ, ಕರಿಹಲಗೆಯ ಮುಂದೆ ನಿಂತು ಬಾಳು ಸವೆಸುವ ಶಿಕ್ಷಕವರ್ಗಕ್ಕೂ ಅನ್ವಯಿಸುವಂತಾಗಿರುವುದು ಖೇದದ ಸಂಗತಿ. ಖಾಸಗಿ ಶಾಲೆಯೊಂದರ ಆಡಳಿತ ಮಂಡಲಿಯು ಶಿಕ್ಷಕರೊಬ್ಬರನ್ನು ವಿಚಾರಣೆಯಿಲ್ಲದೆ ಕೆಲಸದಿಂದ ತೆಗೆಯುತ್ತದೆ. ಅವರು ನ್ಯಾಯಮಂಡಲಿಯ ಮೊರೆ ಹೋಗುತ್ತಾರೆ. ವರ್ಷಗಳು ಕಳೆದ ಮೇಲೆ, ತೆಗೆದದ್ದು ಅಕ್ರಮ, ಅವರನ್ನು ಪುನಃ ಸೇರಿಸಿಕೊಳ್ಳತಕ್ಕದ್ದು ಎಂಬ ಆದೇಶವಾಗುತ್ತದೆ. ಆದೇಶದ ಪ್ರತಿಯನ್ನು ಹಿಡಿದು ಶಾಲೆಗೆ ಬಂದರೆ ಬಾಗಿಲು ಮಾತ್ರ ತೆರೆಯುವುದಿಲ್ಲ. ಕಾಗದದಲ್ಲಿ ಗೆದ್ದವರು ಬೀದಿಯಲ್ಲಿ ನಿಲ್ಲುತ್ತಾರೆ. ಇಂಥ ಸಂದರ್ಭದಲ್ಲಿ ಕಾನೂನಿನ ಕೈಯಲ್ಲಿ ಉಳಿದಿರುವ ಕಡೆಯ ಅಸ್ತ್ರವೇ 'ನ್ಯಾಯಾಂಗ ನಿಂದನೆ'. ಅದರ ಬಲವೆಷ್ಟು, ಮಿತಿಯೆಷ್ಟು ಎಂಬುದನ್ನು ವಿಚಾರಿಸುವುದು ಶಿಕ್ಷಕರಿಗೂ, ಸಂಸ್ಥೆಗಳನ್ನು ನಡೆಸುವವರಿಗೂ ಅಗತ್ಯವಾಗಿದೆ.

ಎರಡು ನದಿಗಳ ನಡುವೆ

ಕೃಷ್ಣೆ ತುಂಗಭದ್ರೆಯರ ನಡುವಣ ರಾಯಚೂರು ಸೀಮೆಯಲ್ಲಿ ಈ ಪ್ರಶ್ನೆಗೆ ವಿಶೇಷವಾದ ತೂಕವಿದೆ. ಇದು ವಿದ್ಯೆಗೆ ಹೊಸ ನೆಲವಲ್ಲ. ಅಶೋಕನ ಹೆಸರನ್ನೇ ಹೇಳುವ ಶಾಸನವು 1915ರಲ್ಲಿ ದೊರೆತದ್ದು ಇಲ್ಲಿಯ ಮಸ್ಕಿಯಲ್ಲಿ. ಮಾನ್ವಿಯ ಹೆಸರು ಜಗನ್ನಾಥದಾಸರೊಡನೆಯೂ, ದೇವದುರ್ಗದ ಬಳಿಯ ಮೊಸರಕಲ್ಲು ಗೋಪಾಲದಾಸರೊಡನೆಯೂ ಸೇರಿಕೊಂಡಿವೆ. ಆದರೆ ಶಾಲೆಯ ವಿದ್ಯೆ ಮಾತ್ರ ಈ ಸೀಮೆಗೆ ಸುಲಭವಾಗಿ ಒದಗಲಿಲ್ಲ. 1948ರವರೆಗೂ ನಿಜಾಮರ ಆಳ್ವಿಕೆ. ಆಡಳಿತದ ಭಾಷೆ ಉರ್ದು. ಖಾಸಗಿಯವರು ಶಾಲೆ ತೆರೆಯಬೇಕಾದರೆ ಸರ್ಕಾರದ ಕಣ್ಣಿಗೆ ಅನುಮಾನ. ಅಂಥ ಕಾಲದಲ್ಲಿ, 1920ರ ಸುಮಾರಿಗೆ, ಪಂಡಿತ ತಾರಾನಾಥರು ರಾಯಚೂರಿನಲ್ಲಿ ಹಮ್‌ದರ್ದ್ ಶಾಲೆಯನ್ನು ಸ್ಥಾಪಿಸಿದರು. 'ಹಮ್‌ದರ್ದ್' ಎಂದರೆ ಇನ್ನೊಬ್ಬರ ನೋವನ್ನು ತನ್ನದೆಂದು ತಿಳಿಯುವವನು. ಖಾಸಗಿ ಶಾಲೆ ಎಂಬ ಮಾತಿಗೆ ಈ ಊರಿನಲ್ಲಿ ಮೊದಲು ದೊರೆತ ಅರ್ಥ ಇದು. ಲಾಭದ ಲೆಕ್ಕ ಅಲ್ಲಿರಲಿಲ್ಲ. ಅಧಿಕಾರಕ್ಕೆ ಅಂಜದೆ ಮಕ್ಕಳಿಗೆ ಅಕ್ಷರ ಕೊಡುವ ಹಟವಿತ್ತು.

ಕಾಲ ಬದಲಾಯಿತು. 1956ರ ನವೆಂಬರ್ 1ರಂದು ಜಿಲ್ಲೆಯು ಕನ್ನಡ ನಾಡಿನೊಡನೆ ಒಂದಾಯಿತು. ಸರ್ಕಾರಿ ಶಾಲೆಗಳು ಹರಡಿದವು. ಖಾಸಗಿ ಸಂಸ್ಥೆಗಳೂ ಹಬ್ಬಿದವು. ಆದರೂ 2011ರ ಜನಗಣತಿಯ ವೇಳೆಗೆ ರಾಜ್ಯದ ಸಾಕ್ಷರತೆ ಶೇಕಡಾ 75.36 ಇದ್ದಾಗ ರಾಯಚೂರು ಜಿಲ್ಲೆಯದು ಶೇಕಡಾ 59.56 ಮಾತ್ರ. ನೂರರಲ್ಲಿ ನಲವತ್ತು ಮಂದಿಗೆ ಅಕ್ಷರ ಬಾರದ ನೆಲದಲ್ಲಿ, ಕಲಿಸಬಲ್ಲ ಒಬ್ಬ ಶಿಕ್ಷಕರು ಶಾಲೆಯ ಹೊರಗೆ ನಿಂತು ವರ್ಷಗಳನ್ನು ಕಳೆಯುವುದು ಅವರ ಮನೆಯ ಕಷ್ಟ ಮಾತ್ರವಾಗಿ ಉಳಿಯುವುದಿಲ್ಲ.

ಯಜಮಾನ ಸೇವಕ ನ್ಯಾಯ

'ಪುನಃ ಸೇರಿಸಿಕೊಳ್ಳಿ' ಎಂದು ಹೇಳುವ ಅಧಿಕಾರವೇ ನ್ಯಾಯಾಲಯಗಳಿಗೆ ಸಲೀಸಾಗಿ ಬಂದುದಲ್ಲ ಎಂಬುದನ್ನು ಇಲ್ಲಿ ನೆನೆಯಬೇಕು. ಇಂಗ್ಲೆಂಡಿನಿಂದ ಬಂದ ಹಳೆಯ ನ್ಯಾಯಸೂತ್ರದ ಪ್ರಕಾರ ಯಜಮಾನನಿಗೆ ಬೇಡವಾದ ಸೇವಕನನ್ನು ಕೋರ್ಟು ಅವನ ಮೇಲೆ ಹೇರುವಂತಿಲ್ಲ. ಕರಾರು ಮುರಿದಿದ್ದರೆ ಪರಿಹಾರದ ಹಣ ಕೊಡಿಸಬಹುದು, ಅಷ್ಟೆ. 1976ರಲ್ಲಿ ಉತ್ತರ ಪ್ರದೇಶದ ವೈಶ್ ಪದವಿ ಕಾಲೇಜಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಈ ಸೂತ್ರವನ್ನು ಎತ್ತಿಹಿಡಿದು, ಅದಕ್ಕೆ ಮೂರು ಅಪವಾದಗಳನ್ನಷ್ಟೇ ಗುರುತಿಸಿತು: ಸರ್ಕಾರಿ ನೌಕರರು, ಕೈಗಾರಿಕಾ ಕಾನೂನಿನ ಕೆಳಗೆ ಬರುವ ಕಾರ್ಮಿಕರು, ಶಾಸನದಿಂದಲೇ ಹುಟ್ಟಿದ ಸಂಸ್ಥೆಯು ಶಾಸನದ ಕಡ್ಡಾಯ ವಿಧಿಯನ್ನು ಮುರಿದಾಗ ನೊಂದವರು.

ಹಾಗಾದರೆ ಶಿಕ್ಷಕರು ಕಾರ್ಮಿಕರ ಸಾಲಿನಲ್ಲಿ ನಿಲ್ಲಬಹುದೆ? ಗೋವೆಯ ಶಿಕ್ಷಕಿಯೊಬ್ಬರು ಈ ಪ್ರಶ್ನೆಯನ್ನು ಹೊತ್ತು ಸುಪ್ರೀಂ ಕೋರ್ಟಿಗೆ ಹೋದರು. 1988ರಲ್ಲಿ ತೀರ್ಪಿತ್ತ ಪೀಠದಲ್ಲಿದ್ದವರು ಕನ್ನಡಿಗರೇ ಆದ, ಮುಂದಿನ ವರ್ಷ ಭಾರತದ ಮುಖ್ಯ ನ್ಯಾಯಮೂರ್ತಿಗಳಾದ ಇ.ಎಸ್. ವೆಂಕಟರಾಮಯ್ಯನವರು. ಬೋಧನೆಯು ಕೂಲಿಯೂ ಅಲ್ಲ, ಗುಮಾಸ್ತಗಿರಿಯೂ ಅಲ್ಲ, ಅದೊಂದು ಉದಾತ್ತ ವೃತ್ತಿ. ಆದುದರಿಂದ ಶಿಕ್ಷಕರು ಕಾನೂನಿನ ಅರ್ಥದಲ್ಲಿ ಕಾರ್ಮಿಕರಲ್ಲ ಎಂಬುದು ಆ ತೀರ್ಪಿನ ತಾತ್ಪರ್ಯ. ಶಿಕ್ಷಕರಿಗೆ ಗೌರವ ದೊರೆಯಿತು, ಲೇಬರ್ ಕೋರ್ಟಿನ ಬಾಗಿಲು ಮುಚ್ಚಿತು. ಗಿರಣಿಯ ಕಾರ್ಮಿಕನಿಗೆ ದೊರೆಯುವ ರಕ್ಷಣೆ ಗುರುವಿಗೆ ದೊರೆಯದೆ ಹೋಯಿತು.

ಈ ಕೊರತೆಯನ್ನು ತುಂಬುವಂಥ ಕಾನೂನು ಕರ್ನಾಟಕದಲ್ಲಿ ಅದಕ್ಕೂ ಮೊದಲೇ ಇತ್ತೆಂಬುದು ನಾಡಿನ ಹೆಮ್ಮೆ. 1975ರ ಖಾಸಗಿ ಶಿಕ್ಷಣ ಸಂಸ್ಥೆಗಳ ಶಿಸ್ತು ಮತ್ತು ನಿಯಂತ್ರಣ ಅಧಿನಿಯಮವು ಶಿಕ್ಷಣ ಮೇಲ್ಮನವಿ ನ್ಯಾಯಮಂಡಲಿಯನ್ನು ಕಲ್ಪಿಸಿತು. 1983ರ ಕರ್ನಾಟಕ ಶಿಕ್ಷಣ ಅಧಿನಿಯಮವು ರಾಷ್ಟ್ರಪತಿಗಳ ಒಪ್ಪಿಗೆ ಪಡೆದು 1995ರಲ್ಲಿ ಜಾರಿಗೆ ಬಂದಾಗ ಅದೇ ವ್ಯವಸ್ಥೆಯನ್ನು ಮುಂದುವರಿಸಿತು. ಅದರ 92ನೆಯ ಪ್ರಕರಣದಂತೆ ವಿಚಾರಣೆ ನಡೆಸದೆ ಯಾವ ಆಡಳಿತ ಮಂಡಲಿಯೂ ನೌಕರನನ್ನು ವಜಾ ಮಾಡುವಂತಿಲ್ಲ. 94ನೆಯದರಂತೆ ನೊಂದವರು ಮೂರು ತಿಂಗಳೊಳಗೆ ನ್ಯಾಯಮಂಡಲಿಗೆ ಮೇಲ್ಮನವಿ ಸಲ್ಲಿಸಬಹುದು. ಮಂಡಲಿಯ ಪೀಠದಲ್ಲಿ ಕೂಡುವವರು ಜಿಲ್ಲಾ ನ್ಯಾಯಾಧೀಶರು. ಮಣಿಪಾಲದ ಟಿ.ಎಂ.ಎ. ಪೈ ಪ್ರತಿಷ್ಠಾನದ ಪ್ರಕರಣದಲ್ಲಿ 2002ರ ಅಕ್ಟೋಬರ್ 31ರಂದು ತೀರ್ಪು ಕೊಟ್ಟ ಹನ್ನೊಂದು ನ್ಯಾಯಮೂರ್ತಿಗಳ ಪೀಠವು ಖಾಸಗಿ ಸಂಸ್ಥೆಗಳಿಗೆ ವಿಶಾಲವಾದ ಸ್ವಾತಂತ್ರ್ಯವನ್ನು ಮಾನ್ಯ ಮಾಡಿತಾದರೂ, ನೊಂದ ಶಿಕ್ಷಕರಿಗಾಗಿ ಜಿಲ್ಲೆಗೊಂದು ಇಂಥ ನ್ಯಾಯಮಂಡಲಿ ಇರಬೇಕೆಂದು ಹೇಳಲು ಮರೆಯಲಿಲ್ಲ. ಸ್ವಾತಂತ್ರ್ಯದ ಜೊತೆಗೆ ಹೊಣೆಯೂ ಇರಬೇಕೆಂಬುದು ಅದರ ಭಾವ.

ಆದುದರಿಂದ ದೇವದುರ್ಗದಲ್ಲಿಯೋ ಮಾನ್ವಿಯಲ್ಲಿಯೋ ಕೆಲಸ ಕಳೆದುಕೊಂಡ ಶಿಕ್ಷಕರ ದಾರಿ ಮೊದಲು ರಾಯಚೂರಿನ ಜಿಲ್ಲಾ ನ್ಯಾಯಾಲಯದ ಕಡೆಗೆ. ಅಲ್ಲಿ ಸೋತ ಸಂಸ್ಥೆಯವರು ಉಚ್ಚ ನ್ಯಾಯಾಲಯಕ್ಕೆ ಹೋದರೆ ಶಿಕ್ಷಕರೂ ಬೆನ್ನಟ್ಟಿ ಹೋಗಬೇಕು. 2008ಕ್ಕೆ ಮೊದಲು ಅದಕ್ಕಾಗಿ ನಾನೂರು ಕಿಲೋಮೀಟರಿಗೂ ಹೆಚ್ಚು ದೂರದ ಬೆಂಗಳೂರಿಗೇ ಹೋಗಬೇಕಾಗಿತ್ತು. ಆ ವರ್ಷ ಕಲಬುರಗಿಯಲ್ಲಿ ಸಂಚಾರಿ ಪೀಠ ಆರಂಭವಾಗಿ, 2013ರಲ್ಲಿ ಖಾಯಂ ಪೀಠವಾಯಿತು. ಸಂಬಳ ನಿಂತ ಮನೆಯವರಿಗೆ ಈ ದೂರದ ಅಂತರವು ಎಷ್ಟು ದೊಡ್ಡ ಉಪಕಾರವೆಂಬುದನ್ನು ಅನುಭವಿಸಿದವರೇ ಬಲ್ಲರು.

ಮೌನದಿಂದ ಮಾಡುವ ನಿಂದನೆ

ಕನ್ನಡದಲ್ಲಿ ನಾವು ಬಳಸುವ 'ನ್ಯಾಯಾಂಗ ನಿಂದನೆ' ಎಂಬ ಪದ ಕೊಂಚ ದಾರಿ ತಪ್ಪಿಸುವಂಥದು. ನಿಂದನೆಯೆಂದರೆ ಬಯ್ಗುಳ, ಹಳಿಯುವಿಕೆ. ನ್ಯಾಯಾಧೀಶರನ್ನು ಹಳಿದು ಬರೆದವನು, ಕೋರ್ಟಿನಲ್ಲಿ ಕೂಗಾಡಿದವನು ಮಾತ್ರ ಈ ಅಪರಾಧಿ ಎಂದು ಸಾಮಾನ್ಯರು ತಿಳಿಯುತ್ತಾರೆ. 1971ರ ನ್ಯಾಯಾಂಗ ನಿಂದನೆ ಅಧಿನಿಯಮವು ಎರಡು ಬಗೆಗಳನ್ನು ಹೇಳುತ್ತದೆ. ನ್ಯಾಯಾಲಯದ ಘನತೆಗೆ ಕುಂದು ತರುವುದು ಕ್ರಿಮಿನಲ್ ನಿಂದನೆ. ನ್ಯಾಯಾಲಯದ ತೀರ್ಪನ್ನಾಗಲಿ, ಆದೇಶವನ್ನಾಗಲಿ ಬೇಕೆಂದೇ ಪಾಲಿಸದಿರುವುದು, ಕೊಟ್ಟ ವಚನವನ್ನು ಬೇಕೆಂದೇ ಮುರಿಯುವುದು ಸಿವಿಲ್ ನಿಂದನೆ. ಎರಡನೆಯದರಲ್ಲಿ ಬಯ್ಗುಳದ ಮಾತೇ ಬೇಡ. ತುಟಿ ಬಿಚ್ಚದೆ, ಕೈ ಕಟ್ಟಿ ಕುಳಿತೇ ಅದನ್ನು ಮಾಡಬಹುದು. ನ್ಯಾಯಾಲಯದ ಬಗ್ಗೆ ಸಭೆಗಳಲ್ಲಿ ಗೌರವದ ಮಾತಾಡುತ್ತಲೇ ಅದರ ಆದೇಶವನ್ನು ಮೇಜಿನ ಸೆಳೆಖಾನೆಯಲ್ಲಿಟ್ಟು ಬೀಗ ಹಾಕುವ ಕಾರ್ಯದರ್ಶಿಯೂ ಕಾನೂನಿನ ದೃಷ್ಟಿಯಲ್ಲಿ ನಿಂದಕನೇ.

ಆದೇಶವನ್ನು ನೇರವಾಗಿ ಧಿಕ್ಕರಿಸುವ ಸಾಹಸಿಗಳು ವಿರಳ. ಸುತ್ತುದಾರಿಗಳೇ ಹೆಚ್ಚು. 'ಮೇಲಿನ ಕೋರ್ಟಿಗೆ ಹೋಗುತ್ತಿದ್ದೇವೆ, ಅದಾಗಲಿ' ಎಂಬುದು ಮೊದಲನೆಯ ಉತ್ತರ. 'ಆ ಹುದ್ದೆ ಈಗ ಭರ್ತಿಯಾಗಿದೆ' ಎಂಬುದು ಎರಡನೆಯದು. ಹಾಜರಿ ಪುಸ್ತಕದಲ್ಲಿ ಸಹಿ ಹಾಕಿಸಿಕೊಂಡು, ಪಾಠದ ವೇಳಾಪಟ್ಟಿಯಲ್ಲಿ ಹೆಸರನ್ನೇ ಬರೆಯದೆ ಶಿಕ್ಷಕರ ಕೊಠಡಿಯ ಮೂಲೆಯಲ್ಲಿ ಕೂಡಿಸುವುದು ಇನ್ನೊಂದು ಜಾಣತನ. ಬೆಳಿಗ್ಗೆ ಸೇರಿಸಿಕೊಂಡು ಸಂಜೆ ಹೊಸದೊಂದು ಆರೋಪಪಟ್ಟಿ ಕೈಗಿಟ್ಟು ಅಮಾನತು ಮಾಡುವುದೂ ಉಂಟು. ಕೆಲಸಕ್ಕೆ ಸೇರಿಸಿ ಹಿಂದಿನ ವೇತನವನ್ನು ಮಾತ್ರ ಕೊಡದಿರುವುದೂ ಉಂಟು.

ಇವುಗಳಲ್ಲಿ ಮೊದಲನೆಯ ನೆವಕ್ಕೆ ಕಾನೂನಿನ ಉತ್ತರ ಸ್ಪಷ್ಟವಾಗಿದೆ. ಮೇಲ್ಮನವಿ ಹಾಕಿದ ಮಾತ್ರಕ್ಕೆ ಆದೇಶಕ್ಕೆ ತಡೆ ಬೀಳುವುದಿಲ್ಲ. ತಡೆಯಾಜ್ಞೆಯನ್ನು ಬೇರೆಯಾಗಿ ಕೇಳಿ ಪಡೆಯಬೇಕು. ಪಡೆಯುವವರೆಗೆ ಕೆಳಗಿನ ಆದೇಶವೇ ಶಿರಸಾವಹಿಸತಕ್ಕದ್ದು. ತಡೆಯಾಜ್ಞೆಯ ಅರ್ಜಿ ವಿಚಾರಣೆಗೆ ಬಾಕಿಯಿದ್ದರೆ ನಿಂದನೆಯ ಕ್ರಮಕ್ಕೆ ಮುನ್ನ ಅದನ್ನು ಕೇಳಿ ತೀರ್ಮಾನಿಸುವುದು ಯುಕ್ತವೆಂದು ಸುಪ್ರೀಂ ಕೋರ್ಟು ಹೇಳಿದೆಯಾದರೂ, ಅರ್ಜಿಯನ್ನೇ ಹಾಕದೆ ಕಾಲ ಕಳೆಯುವವರಿಗೆ ಆ ಆಶ್ರಯವಿಲ್ಲ.

ಮರಾಠವಾಡದ ಒಂದು ದೃಷ್ಟಾಂತ

ಹಿಂದೆ ರಾಯಚೂರಿನಂತೆಯೇ ಹೈದರಾಬಾದು ಸಂಸ್ಥಾನದಲ್ಲಿದ್ದ ಔರಂಗಾಬಾದಿನಲ್ಲಿ ನಡೆದ ಒಂದು ಪ್ರಕರಣ ಈ ವಿಷಯಕ್ಕೆ ಕನ್ನಡಿ ಹಿಡಿಯುತ್ತದೆ. ಕ್ರಾಂತಿ ಜೂನಿಯರ್ ಅಧ್ಯಾಪಕ ಮಹಾವಿದ್ಯಾಲಯದ ಪ್ರಕರಣವೆಂದು ವಕೀಲರ ನಡುವೆ ಅದು ಪ್ರಸಿದ್ಧವಾಗಿದೆ. ಸರ್ಕಾರದ ಅನುದಾನ ಪಡೆಯುತ್ತಿದ್ದ ಒಂದು ಪ್ರಾಥಮಿಕ ಶಾಲೆ. ಕಟ್ಟಡ ಸಂಸ್ಥೆ ನಡೆಸುವ ಕುಟುಂಬದವರದೇ. ಅದರ ಬಾಡಿಗೆಯೂ ಅನುದಾನದಲ್ಲಿ ಸೇರಿ ಅವರಿಗೇ ಬರುತ್ತಿತ್ತು. 2005ರಲ್ಲಿ ನಗರಪಾಲಿಕೆಯು ಆ ಕಟ್ಟಡಕ್ಕೆ 79,974 ರೂಪಾಯಿ ತೆರಿಗೆ ವಿಧಿಸಿತು. ತೆರಿಗೆಯ ಭಾರಕ್ಕಾಗಿ ನೌಕರರೆಲ್ಲರೂ ತಿಂಗಳಿಗೆ 1,500 ರೂಪಾಯಿಯಂತೆ ವಂತಿಗೆ ಕೊಡಬೇಕೆಂದು ಮುಖ್ಯೋಪಾಧ್ಯಾಯಿನಿಯಿಂದ ಪತ್ರ ಹೊರಟಿತು. ಒಬ್ಬ ಶಿಕ್ಷಕಿ ಮಾತ್ರ, ಕೊಡುವುದಿಲ್ಲವೆಂದರು.

ಅವರ ತಪ್ಪು ಅಷ್ಟೇ. ಅವರಿಗೆ ಒಂದರ ಮೇಲೊಂದರಂತೆ 25 ಮೆಮೊಗಳು ಬಂದವು. 2006ರ ನವೆಂಬರಿನಲ್ಲಿ ಅಮಾನತಾಯಿತು. ಶಿಕ್ಷಣಾಧಿಕಾರಿಗಳು ಆ ಅಮಾನತನ್ನು ಒಪ್ಪಲಿಲ್ಲ. ಸಂಸ್ಥೆಯವರು ಅಧಿಕಾರಿಗಳ ಮಾತನ್ನು ಮನ್ನಿಸಲಿಲ್ಲ. 2007ರಲ್ಲಿ ಕೆಲಸವೇ ಹೋಯಿತು. 2009ರ ಜೂನಿನಲ್ಲಿ ಶಾಲಾ ನ್ಯಾಯಮಂಡಲಿಯು ವಜಾ ಆದೇಶವನ್ನು ರದ್ದುಮಾಡಿ, ಪೂರ್ತಿ ಹಿಂಬಾಕಿ ವೇತನದೊಡನೆ ಸೇರಿಸಿಕೊಳ್ಳಲು ಹೇಳಿತು. ಮುಂಬಯಿ ಉಚ್ಚ ನ್ಯಾಯಾಲಯದ ಔರಂಗಾಬಾದ್ ಪೀಠವು ವಜಾ ತಪ್ಪೆಂಬುದನ್ನು ಒಪ್ಪಿದರೂ ಹಿಂಬಾಕಿ ವೇತನವನ್ನು ತೆಗೆದುಹಾಕಿತು: ಆ ಅವಧಿಯಲ್ಲಿ ತಾನು ಬೇರೆಲ್ಲಿಯೂ ದುಡಿಯಲಿಲ್ಲವೆಂದು ಶಿಕ್ಷಕಿಯೇ ಸಿದ್ಧಪಡಿಸಬೇಕಾಗಿತ್ತೆಂಬ ಕಾರಣ ಕೊಟ್ಟಿತು.

ಸುಪ್ರೀಂ ಕೋರ್ಟಿನಲ್ಲಿ ಈ ವಿಷಯವನ್ನು ಕೇಳಿದವರು ನ್ಯಾಯಮೂರ್ತಿ ಜಿ.ಎಸ್. ಸಿಂಘ್ವಿ ಮತ್ತು ಕರ್ನಾಟಕದವರಾದ ನ್ಯಾಯಮೂರ್ತಿ ವಿ. ಗೋಪಾಲಗೌಡರು. 2013ರ ಆಗಸ್ಟ್ 12ರ ತೀರ್ಪಿನಲ್ಲಿ ಅವರು, ವಜಾ ಅಕ್ರಮವೆಂದಾದ ಮೇಲೆ ಹಿಂಬಾಕಿ ವೇತನ ಸಹಜವಾಗಿ ಸಲ್ಲತಕ್ಕದ್ದೆಂದು ವಿಧಿಸಿದರು. ನೌಕರನು ತಾನು ನಿರುದ್ಯೋಗಿಯಾಗಿದ್ದೆನೆಂದು ಹೇಳಿದರೆ ಸಾಕು. ಅವನು ಬೇರೆಡೆ ದುಡಿದನೆಂಬುದನ್ನು ಸಿದ್ಧಪಡಿಸುವ ಹೊಣೆ ಯಜಮಾನನದು. ಸಂಬಳ ನಿಂತಾಗ ಕಷ್ಟಪಡುವವರು ನೌಕರರೊಬ್ಬರೇ ಅಲ್ಲ. ಮಕ್ಕಳ ಓದು, ಮನೆಯವರ ಊಟ, ಔಷಧ ಎಲ್ಲವೂ ಅದರೊಡನೆ ನಿಲ್ಲುತ್ತವೆ ಎಂಬ ವಿವೇಕವನ್ನು ಆ ತೀರ್ಪು ಬಿಚ್ಚಿ ಹೇಳಿದೆ. ನಾಲ್ಕು ತಿಂಗಳೊಳಗೆ ಹಣ ಕೊಡದಿದ್ದರೆ ಶೇಕಡಾ 9ರಂತೆ ಬಡ್ಡಿ ಎಂದರು. ಕೊನೆಗೆ, ಆದೇಶವನ್ನು ಪಾಲಿಸದಿದ್ದರೆ ಆಡಳಿತ ಮಂಡಲಿಯು 1971ರ ಅಧಿನಿಯಮದಂತೆ ದಂಡನೆಗೆ ಗುರಿಯಾಗುವುದೆಂದೂ ತೀರ್ಪಿನಲ್ಲಿಯೇ ಬರೆದರು. ಆದೇಶ ಬರೆಯುವ ಹೊತ್ತಿಗೇ ಅವಿಧೇಯತೆಯನ್ನು ನಿರೀಕ್ಷಿಸಿ ಎಚ್ಚರಿಕೆ ಕೊಡಬೇಕಾಗಿ ಬಂತೆಂಬುದು ಸಂಸ್ಥೆಗಳ ನಡವಳಿಕೆಯ ಬಗ್ಗೆ ಬಹಳ ಮಾತನ್ನು ಹೇಳುತ್ತದೆ.

ಅಸ್ತ್ರದ ಬಲ ಮತ್ತು ಮಿತಿ

ನಿಂದನೆಯ ಶಿಕ್ಷೆ ಏನು? ಆರು ತಿಂಗಳವರೆಗಿನ ಸಾದಾ ಸೆರೆವಾಸ, ಇಲ್ಲವೆ 2,000 ರೂಪಾಯಿವರೆಗಿನ ದಂಡ, ಇಲ್ಲವೆ ಎರಡೂ. ಸಿವಿಲ್ ನಿಂದನೆಯಲ್ಲಿ ದಂಡವೇ ಮೊದಲು. ಅದರಿಂದ ನ್ಯಾಯ ಸಲ್ಲದೆಂದು ಕಂಡಾಗ ಸಿವಿಲ್ ಬಂದೀಖಾನೆ. ಮನಃಪೂರ್ವಕವಾದ ಕ್ಷಮಾಪಣೆ ಬಂದರೆ ಬಿಟ್ಟುಬಿಡಲೂ ಬಹುದು. ಎರಡು ಸಾವಿರ ರೂಪಾಯಿ 1971ರಲ್ಲಿ ದೊಡ್ಡ ಮೊತ್ತವಾಗಿತ್ತು. ಇಂದು ಅದು ಅನೇಕ ಶಾಲೆಗಳಲ್ಲಿ ಒಂದು ಮಗುವಿನ ಪುಸ್ತಕ, ಸಮವಸ್ತ್ರಗಳ ವೆಚ್ಚಕ್ಕೂ ಸಾಲದು. ಆದುದರಿಂದ ಸಂಸ್ಥಾಚಾಲಕರು ಅಂಜುವುದು ದಂಡಕ್ಕಲ್ಲ. ಉಚ್ಚ ನ್ಯಾಯಾಲಯದ ಮುಂದೆ ಸ್ವತಃ ಬಂದು ಕೈಮುಗಿದು ನಿಲ್ಲಬೇಕಲ್ಲ ಎಂಬುದಕ್ಕೆ ಅಂಜುತ್ತಾರೆ. ಸೆರೆಯ ಸಾಧ್ಯತೆಗೆ ಅಂಜುತ್ತಾರೆ. ಸಂಘ-ಸಂಸ್ಥೆ ಎಂಬ ಹೆಸರಿನ ಹಿಂದೆ ಅಡಗಲು ಅವಕಾಶವಿಲ್ಲ. ಸಂಸ್ಥೆಯ ವ್ಯವಹಾರಕ್ಕೆ ಆ ಕಾಲದಲ್ಲಿ ಯಾರು ಹೊಣೆಯೋ ಅವರೇ ಉತ್ತರ ಹೇಳಬೇಕೆಂದು ಕಾನೂನು ವಿಧಿಸಿದೆ.

ಈ ಅಂಜಿಕೆ ಬರಿಯ ತೋರಿಕೆಯದಲ್ಲ ಎಂಬುದಕ್ಕೆ ನಮ್ಮ ರಾಜ್ಯದಲ್ಲಿಯೇ ಸಾಕ್ಷಿಯಿದೆ. ಬೆಂಗಳೂರು ನಗರಪಾಲಿಕೆಯ ಇಂಜಿನಿಯರೊಬ್ಬರ ಸೇವೆಗೆ ಸಂಬಂಧಿಸಿದ ಆದೇಶವನ್ನು ಪಾಲಿಸಲಿಲ್ಲವೆಂದು 1995ರಲ್ಲಿ ಸುಪ್ರೀಂ ಕೋರ್ಟು ಕರ್ನಾಟಕ ಸರ್ಕಾರದ ಹಿರಿಯ ಐಎಎಸ್ ಅಧಿಕಾರಿಯೊಬ್ಬರಿಗೆ ಒಂದು ತಿಂಗಳ ಸೆರೆವಾಸ ವಿಧಿಸಿತು. ಸರ್ಕಾರದ ಕಾರ್ಯದರ್ಶಿಗೆ ಅನ್ವಯಿಸಿದ ನ್ಯಾಯ ಶಾಲೆಯ ಕಾರ್ಯದರ್ಶಿಗೆ ಅನ್ವಯಿಸದೆಂದು ಹೇಳುವಂತಿಲ್ಲ.

ಆದರೂ ಈ ಅಸ್ತ್ರಕ್ಕೆ ಮಿತಿಗಳಿವೆ. ಮೊದಲನೆಯದಾಗಿ, ಅವಿಧೇಯತೆ ಬೇಕೆಂದೇ ಮಾಡಿದ್ದಾಗಿರಬೇಕು. ಆದೇಶಕ್ಕೆ ಎರಡು ಅರ್ಥ ಸಾಧ್ಯವಿದ್ದರೆ, ಪಾಲಿಸಲು ನಿಜವಾಗಿಯೂ ಆಗದಿದ್ದರೆ, ಅದು ನಿಂದನೆಯಾಗದು. ಎರಡನೆಯದಾಗಿ, ನಿಂದನೆಯನ್ನು ವಿಚಾರಿಸುವ ನ್ಯಾಯಾಲಯವು ಮೂಲ ಆದೇಶದಲ್ಲಿ ಇಲ್ಲದ ಹೊಸ ಪರಿಹಾರವನ್ನು ಕೊಡಲಾರದು. ಆದೇಶದಲ್ಲಿ ಹಿಂಬಾಕಿ ವೇತನದ ಮಾತಿಲ್ಲದಿದ್ದರೆ ಇಲ್ಲಿ ಕೇಳಿ ಫಲವಿಲ್ಲ. ಮೂರನೆಯದಾಗಿ, ಸಂಸ್ಥೆಯು ಆದೇಶದಂತೆ ನಡೆದು ಆ ಮೇಲೆ ಹೊಸ ತಪ್ಪು ಮಾಡಿದರೆ ಅದಕ್ಕೆ ಬೇರೆಯೇ ಮೊಕದ್ದಮೆ ಹೂಡಬೇಕಾಗಬಹುದು. ಬೆಳಿಗ್ಗೆ ಸೇರಿಸಿ ಸಂಜೆ ಅಮಾನತು ಮಾಡುವವರ ಜಾಣತನ ನಿಂತಿರುವುದು ಈ ಸಂದಿಯಲ್ಲಿಯೇ. ನಾಲ್ಕನೆಯದಾಗಿ, ಕೇವಲ ನ್ಯಾಯಮಂಡಲಿಯ ಆದೇಶವಿದ್ದರೆ ಮೊದಲ ದಾರಿ ಅಮಲ್ಜಾರಿಯದು; ಉಚ್ಚ ನ್ಯಾಯಾಲಯವೇ 'ಸೇರಿಸಿಕೊಳ್ಳಿ' ಎಂದು ನಿರ್ದೇಶಿಸಿದಾಗ ನಿಂದನೆಯ ದಾರಿ ನೇರವಾಗುತ್ತದೆ. ಅಮಲ್ಜಾರಿಯ ಅವಕಾಶ ಇದ್ದ ಮಾತ್ರಕ್ಕೆ ನಿಂದನೆಯ ಅರ್ಜಿ ನಿಲ್ಲದೆಂದೇನೂ ಇಲ್ಲವೆಂದು 2006ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ.

ಎಲ್ಲಕ್ಕಿಂತ ಮುಖ್ಯವಾದುದು ಕಾಲದ ಮಿತಿ. ಅಧಿನಿಯಮದ 20ನೆಯ ಪ್ರಕರಣದಂತೆ ನಿಂದನೆ ನಡೆದ ದಿನದಿಂದ ಒಂದು ವರ್ಷದೊಳಗೆ ಕ್ರಮ ಆರಂಭವಾಗಬೇಕು. 'ಇವತ್ತಲ್ಲ ನಾಳೆ ಕರೆದಾರು' ಎಂದು ಆಸೆಯಿಂದ ಕಾಯುವ ಶಿಕ್ಷಕರು ಎಡವುವುದು ಇಲ್ಲಿ. ದಿನದಿನದ ಅವಿಧೇಯತೆಯೂ ಹೊಸ ತಪ್ಪೇ, ಆದುದರಿಂದ ಅವಧಿ ಮುಗಿಯದು ಎಂಬ ವಾದ ಎಲ್ಲ ಸಂದರ್ಭದಲ್ಲಿಯೂ ನಿಲ್ಲದೆಂಬುದನ್ನು 2024ರಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟಪಡಿಸಿದೆ. ಹೀಗಾಗಿ ಗೆದ್ದ ಶಿಕ್ಷಕರು ಮಾಡಬೇಕಾದ ಕೆಲಸ ತೀರ ಸರಳವಾದುದು: ಆದೇಶದ ದೃಢೀಕೃತ ಪ್ರತಿಯನ್ನು ಕೆಲಸಕ್ಕೆ ಹಾಜರಾಗುವ ಪತ್ರದೊಡನೆ ಸ್ಪೀಡ್ ಪೋಸ್ಟ್ ಅಂಚೆಯಲ್ಲಿ ಕಳಿಸಬೇಕು, ಸ್ವತಃ ಹೋಗಿ ಕೊಟ್ಟು ಸ್ವೀಕೃತಿ ಕೇಳಬೇಕು, ನಿರಾಕರಿಸಿದರೆ ಅದೇ ದಿನ ಕ್ಷೇತ್ರ ಶಿಕ್ಷಣಾಧಿಕಾರಿಗಳಿಗೂ ಉಪನಿರ್ದೇಶಕರಿಗೂ ಬರೆದು ತಿಳಿಸಬೇಕು, ಆ ತಾರೀಖನ್ನು ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಹಾಕಿಟ್ಟುಕೊಳ್ಳಬೇಕು.

ಇನ್ನೊಂದು ಮಗ್ಗುಲು

ಸಂಸ್ಥೆಗಳ ಪಕ್ಷದಲ್ಲಿಯೂ ಹೇಳುವ ಮಾತಿದೆ. ಅದನ್ನು ಕೇಳದೆ ಹೋಗುವುದು ನ್ಯಾಯವಲ್ಲ. ತೆಗೆದುಹಾಕಲ್ಪಟ್ಟವರೆಲ್ಲರೂ ನಿರಪರಾಧಿಗಳೆಂದು ಭಾವಿಸಬೇಕಾಗಿಲ್ಲ. ಅನುದಾನವಿಲ್ಲದ ಸಣ್ಣ ಊರಿನ ಶಾಲೆಗೆ ಐದಾರು ವರ್ಷಗಳ ಹಿಂಬಾಕಿ ವೇತನವನ್ನು ಒಮ್ಮೆಲೇ ಕೊಡುವುದು ನಿಜವಾಗಿಯೂ ಭಾರ. ನಡುವೆ ನೇಮಕಗೊಂಡ ಇನ್ನೊಬ್ಬ ಶಿಕ್ಷಕರ ಗತಿ ಏನು ಎಂಬ ಪ್ರಶ್ನೆಯೂ ಮನಸ್ಸನ್ನು ಕಾಡುವಂಥದೇ, ಅವರೂ ಸಂಸಾರವಂತರು. ಆದರೆ ಈ ಕಷ್ಟಗಳಿಗೆಲ್ಲ ಕಾನೂನು ದಾರಿ ತೋರಿಸಿದೆ. ತಪ್ಪು ಮಾಡಿದ ಶಿಕ್ಷಕರ ಮೇಲೆ ಕ್ರಮಬದ್ಧವಾಗಿ ವಿಚಾರಣೆ ನಡೆಸಬಹುದು. ತೀರ್ಪು ಸರಿಯಲ್ಲವೆಂದು ಕಂಡರೆ ಮೇಲೆ ಹೋಗಿ ತಡೆಯಾಜ್ಞೆ ಬೇಡಬಹುದು. ಹಣಕ್ಕೆ ಕಂತುಗಳನ್ನು ಕೇಳಬಹುದು. ಕೇಳದೆ, ಹೇಳದೆ, ಆದೇಶವೇ ಬರಲಿಲ್ಲವೆಂಬಂತೆ ಇರುವ ಹಕ್ಕು ಮಾತ್ರ ಯಾರಿಗೂ ಇಲ್ಲ. ವಿಳಂಬ ಬೆಳೆದಷ್ಟೂ ಹಿಂಬಾಕಿಯೂ ಬೆಳೆಯುತ್ತದೆ. ಆ ಭಾರ ಕಡೆಗೆ ಬೀಳುವುದು ಮಕ್ಕಳ ಶುಲ್ಕದ ಮೇಲೆಯೇ.

ಶಿಕ್ಷಣ ಇಲಾಖೆಯ ಹೊಣೆ ಇಲ್ಲಿ ಸಣ್ಣದಲ್ಲ. ಮಾನ್ಯತೆ ಕೊಡುವುದೂ, ಹಿಂತೆಗೆದುಕೊಳ್ಳುವುದೂ, ಅನುದಾನ ಹಂಚುವುದೂ ಅದರ ಕೈಯಲ್ಲಿವೆ. ಮಾನ್ಯತೆಯನ್ನು ನವೀಕರಿಸುವಾಗ ಕೊಠಡಿಗಳ ಉದ್ದಗಲವನ್ನೂ ನೀರಿನ ವ್ಯವಸ್ಥೆಯನ್ನೂ ವಿಚಾರಿಸುವ ಅಧಿಕಾರಿಗಳು, ಪಾಲಿಸದೆ ಉಳಿದ ನ್ಯಾಯಾಲಯದ ಆದೇಶ ಈ ಶಾಲೆಯಲ್ಲಿ ಇದೆಯೆ ಎಂದೂ ಒಂದು ಸಾಲಿನ ಪ್ರಶ್ನೆ ಕೇಳಬಾರದೇಕೆ? ಅಷ್ಟಾದರೆ ಎಷ್ಟೋ ಶಿಕ್ಷಕರಿಗೆ ಕಲಬುರಗಿಯ ದಾರಿ ತಪ್ಪೀತು.

ಏಕೆಂದರೆ ಶಾಲೆಯು ಉಳಿದ ಸಂಸ್ಥೆಗಳಂಥದಲ್ಲ. ಕಾರ್ಖಾನೆಯು ಆದೇಶವನ್ನು ಮೀರಿದರೆ ಅಲ್ಲಿ ತಯಾರಾದ ಬಟ್ಟೆಗೆ ಅದು ತಿಳಿಯುವುದಿಲ್ಲ. ಶಾಲೆಯಲ್ಲಿ ನಡೆದುದು ಮಕ್ಕಳ ಕಣ್ಣಿಗೆ ಬೀಳುತ್ತದೆ. ಸಂವಿಧಾನ, ನ್ಯಾಯಾಂಗ, ಪೌರನ ಕರ್ತವ್ಯ ಎಂಬ ಪಾಠಗಳನ್ನು ಅವರು ಅದೇ ಕೊಠಡಿಗಳಲ್ಲಿ ಕುಳಿತು ಓದಿ ಪರೀಕ್ಷೆಯಲ್ಲಿ ಬರೆಯುತ್ತಾರೆ. ತಮಗೆ ಗಣಿತ ಕಲಿಸಿದ ಗುರುಗಳು ಕೋರ್ಟಿನಲ್ಲಿ ಗೆದ್ದೂ ಬಾಗಿಲ ಹೊರಗೆ ನಿಂತಿದ್ದಾರೆಂಬುದನ್ನು ಕಂಡ ಮಗು ಕಲಿಯುವ ಪಾಠ ಪುಸ್ತಕದಲ್ಲಿ ಇರುವುದಿಲ್ಲ. ಇನ್ನೊಬ್ಬರ ನೋವನ್ನು ತನ್ನದೆಂದು ತಿಳಿಯುವುದನ್ನೇ ಹೆಸರಾಗಿಟ್ಟುಕೊಂಡ ಶಾಲೆಯಿಂದ ಈ ಸೀಮೆಯ ಖಾಸಗಿ ವಿದ್ಯಾಸಂಸ್ಥೆಗಳ ಕಥೆ ಬೆಳೆದು ಬಂದಿದೆ. ಆ ಹೆಸರಿಗೆ ಒಪ್ಪುವ ನಡತೆಯನ್ನು ನ್ಯಾಯಾಲಯದ ಭಯದಿಂದಲೇ ಹುಟ್ಟಿಸಬೇಕಾಗದಿರಲಿ. ಹುಟ್ಟಿಸಲೇಬೇಕಾಗಿ ಬಂದರೆ, ಆ ಭಯ ವರ್ಷದ ಗಡುವು ಮೀರುವ ಮುನ್ನವೇ ಕೆಲಸ ಮಾಡಲಿ.